ಹಲಗೆ ಹೊದಿಸಿದ ಹಳೆಯ ಗೋಡೆಯನ್ನು ಹೊಸದಾಗಿಸುವ ಬಗೆ

ಬಳ್ಳಾರಿಯ ನಮ್ಮ ಮನೆಯ ಪಡಸಾಲೆಯಲ್ಲಿ ಪಶ್ಚಿಮದ ಗೋಡೆಗೆ ನೆಲದಿಂದ ಸೂರಿನವರೆಗೆ ಮರದ ಹಲಗೆ ಹೊದಿಸಿತ್ತು. 1980ರ ದಶಕದ ಕೊನೆಯಲ್ಲಿ ತಂದೆಯವರು ಮನೆ ಕಟ್ಟಿಸಿದಾಗ, ಸಾಗವಾನಿಯ ತೆಳುಪದರ ಅಂಟಿಸಿದ ಪ್ಲೈವುಡ್ಡನ್ನು ರೀಪಿನ, ಅಂದರೆ ತೆಳುವಾದ ಮರದ ಪಟ್ಟಿಗಳ, ಚೌಕಟ್ಟಿನ ಮೇಲೆ ಕೂರಿಸಿ, ನಾಲ್ಕು ಅಂಗುಲಕ್ಕೊಂದರಂತೆ ಉದ್ದನೆಯ ಸಂದು ಬಿಟ್ಟು, ಕಡುಗಂದು ಪಾಲಿಷ್ ಮಾಡಿಸಿದ್ದರು. ಬಂದವರೆಲ್ಲ ಮುಟ್ಟಿ ನೋಡಿ ಹೋಗುತ್ತಿದ್ದ ಗೋಡೆ ಅದು. ಮೂವತ್ತು ವರ್ಷಗಳಾಗುವಷ್ಟರಲ್ಲಿ ಪಾಲಿಷ್ ಕಪ್ಪಿಟ್ಟು, ಸಂದುಗಳಲ್ಲಿ ಕೆಂಪು ದೂಳು ಕಟ್ಟಿ, ಹಗಲು ಹೊತ್ತಿನಲ್ಲೂ ದೀಪ ಹಾಕದೆ ಪತ್ರಿಕೆ ಓದಲಾಗದಷ್ಟು ಕೋಣೆ ಮಂಕಾಯಿತು. ಬಿಸಿಲಿಗೆ ಹೆದರಿ ಕಿಟಕಿಗಳನ್ನು ಚಿಕ್ಕದಾಗಿ ಇಡುವ ನಮ್ಮ ಸೀಮೆಯ ಮನೆಗಳಲ್ಲಿ ಕಡುಬಣ್ಣದ ಹಲಗೆ ಇರುವ ಬೆಳಕನ್ನೂ ನುಂಗಿಬಿಡುತ್ತದೆ.

ಇಂಥ ಗೋಡೆಯನ್ನು ಕಂಡ ಕೂಡಲೇ ಹಲವರಿಗೆ ಬರುವ ಮೊದಲ ಯೋಚನೆ ಎಲ್ಲವನ್ನೂ ಕಿತ್ತೆಸೆಯುವುದು. ನಾನೂ ಹಾಗೆಯೇ ನಿರ್ಧರಿಸಿ ಬಡಿಗೇರರನ್ನು ಕರೆಸಿದ್ದೆ. ಅವರು ಹಲಗೆಯನ್ನು ಬೆರಳಿನಿಂದ ಅಲ್ಲಲ್ಲಿ ತಟ್ಟಿ ನೋಡಿ, "ಮೊದ್ಲು ಗ್ವಾಡಿ ನೋಡೋಣ್ರಿ, ಆಮ್ಯಾಲೆ ಹಲಗಿ ಮಾತು" ಎಂದರು. ಈ ಬರಹದಲ್ಲಿ ನಾನು ಹೇಳಬೇಕೆಂದಿರುವುದೂ ಮುಖ್ಯವಾಗಿ ಅದನ್ನೇ. ಹಲಗೆಯನ್ನು ಉಳಿಸಬೇಕೇ, ಬಣ್ಣ ಬಳಿಯಬೇಕೇ, ತೆಗೆಯಬೇಕೇ ಎಂಬುದನ್ನು ಹಲಗೆಯ ಅಂದಕ್ಕಿಂತ ಅದರ ಹಿಂದಿನ ಗೋಡೆಯ ಸ್ಥಿತಿಯೇ ತೀರ್ಮಾನಿಸುತ್ತದೆ.

ಹಲಗೆಯ ಹಿಂದೆ ಏನಿದೆ?

ಒಂದು ಮೂಲೆಯಲ್ಲಿ, ಕಣ್ಣಿಗೆ ಬೀಳದ ಕಡೆ, ಮೊದಲು ಅಂಚು ಮುಚ್ಚುವ ಬೀಡಿಂಗ್ ಪಟ್ಟಿಯನ್ನೂ ಆಮೇಲೆ ಒಂದೇ ಒಂದು ಹಲಗೆಯನ್ನೂ ಬಿಚ್ಚಿ ಒಳಗೆ ಬ್ಯಾಟರಿ ಬೆಳಕು ಹಾಯಿಸಿ ನೋಡಿ. ಅದಕ್ಕೂ ಮೊದಲು ಮೇನ್ ಸ್ವಿಚ್ ಆರಿಸಿ, ಆ ಗೋಡೆಯ ಸ್ವಿಚ್ಚು ಪ್ಲಗ್ಗುಗಳಲ್ಲಿ ಕರೆಂಟ್ ಇಲ್ಲವೆಂಬುದನ್ನು ಟೆಸ್ಟರಿನಿಂದ ಖಚಿತಪಡಿಸಿಕೊಳ್ಳಿ. ಹಳೆಯ ಮನೆಗಳಲ್ಲಿ ವೈರುಗಳನ್ನು ಪೈಪಿನೊಳಗೆ ಎಳೆಯದೆ ರೀಪಿನ ಪಕ್ಕದಲ್ಲೇ ಬರಿದಾಗಿ ಹಾಯಿಸಿ ಮೇಲೆ ಹಲಗೆ ಮುಚ್ಚಿರುವುದುಂಟು. ಒಣಗಿದ ಮರಕ್ಕೆ ತಾಗಿಕೊಂಡ, ಹೊದಿಕೆ ಸೀಳಿದ ವೈರು ಬೆಂಕಿಗೆ ನೇರ ದಾರಿ. ಅಂಥದ್ದು ಕಂಡರೆ ಬಣ್ಣದ ವಿಚಾರವನ್ನು ಬದಿಗಿಟ್ಟು, ಎಲೆಕ್ಟ್ರಿಷಿಯನ್ ಅವರಿಂದ ಹೊಸ ವೈರನ್ನು ಪೈಪಿನೊಳಗೆ ಹಾಕಿಸಿ.

ಎರಡನೆಯದಾಗಿ ಬಿರುಕನ್ನು ನೋಡಬೇಕು. ಬಳ್ಳಾರಿ, ಕೊಪ್ಪಳ, ರಾಯಚೂರು, ನಮ್ಮ ಈ ಮೂರೂ ಜಿಲ್ಲೆಗಳಲ್ಲಿ ಕೆಂಪು ಮಣ್ಣಿನ ಮಸಾರಿ ನೆಲವೂ ಇದೆ, ಕಪ್ಪು ಮಣ್ಣಿನ ಎರೆ ನೆಲವೂ ಇದೆ. ಎರೆ ಮಣ್ಣು ಮಳೆಗಾಲದಲ್ಲಿ ನೀರು ಕುಡಿದು ಉಬ್ಬುತ್ತದೆ, ಬೇಸಿಗೆಯಲ್ಲಿ ಒಣಗಿ ಕುಗ್ಗಿ ಬಾಯಿ ಬಿಡುತ್ತದೆ. ಅದರ ಮೇಲೆ ಆಳವಿಲ್ಲದ ಪಾಯ ಹಾಕಿ ಕಟ್ಟಿದ ಮನೆಯ ಗೋಡೆ ವರ್ಷಕ್ಕೊಮ್ಮೆ ಅಲುಗುತ್ತದೆ. ಸಿರುಗುಪ್ಪ, ಸಿಂಧನೂರಿನ ಕಡೆಯ ಮನೆಗಳಲ್ಲಿ ಓರೆಯಾಗಿ ಏರುವ ಬಿರುಕುಗಳನ್ನು ನೋಡಿದವರಿಗೆ ಇದನ್ನು ವಿವರಿಸಬೇಕಾಗಿಲ್ಲ. ಹಲಗೆಯನ್ನು ಹೊದಿಸಿದ್ದೇ ಬಿರುಕನ್ನು ಮುಚ್ಚಲು ಎಂಬ ಮನೆಗಳೂ ಇವೆ. ಬಿರುಕಿನ ಎರಡೂ ತುದಿಗೆ ಪೆನ್ಸಿಲ್ಲಿನಿಂದ ಅಡ್ಡಗೆರೆ ಎಳೆದು ಪಕ್ಕದಲ್ಲಿ ದಿನಾಂಕ ಬರೆದಿಡಿ. ಒಂದು ಮಳೆಗಾಲ, ಒಂದು ಬೇಸಿಗೆ ಕಳೆದ ಮೇಲೂ ಗೆರೆ ದಾಟದಿದ್ದರೆ ಅದು ನಿಂತ ಬಿರುಕು, ತುಂಬಿಸಿ ಮುಚ್ಚಬಹುದು. ಬೆಳೆಯುತ್ತಿದ್ದರೆ, ಅಥವಾ ಬಿರುಕಿನೊಳಗೆ ಒಂದು ನಾಣ್ಯ ಸಲೀಸಾಗಿ ಇಳಿಯುವಷ್ಟು ಅಗಲವಿದ್ದರೆ ಎಂಜಿನಿಯರರಿಗೆ ತೋರಿಸಬೇಕು. ಅಲುಗುವ ಗೋಡೆಯ ಹಲಗೆ ಕಿತ್ತು ನುಣುಪಾದ ಗಾರೆ ಮಾಡಿಸಿದರೆ ಮುಂದಿನ ಬೇಸಿಗೆಗೆ ಆ ಗಾರೆಯೂ ಸೀಳುತ್ತದೆ. ಅಂಥ ಗೋಡೆಗೆ ಹಲಗೆಯ ಹೊದಿಕೆಯೇ ಮೇಲು, ಏಕೆಂದರೆ ರೀಪಿನ ಚೌಕಟ್ಟು ಗೋಡೆಯ ಸಣ್ಣ ಅಲುಗಾಟವನ್ನು ತಡೆದುಕೊಳ್ಳುತ್ತದೆ.

ಮೂರನೆಯದು ತೇವ. ಒಣ ಹವೆಯ ಊರಿನಲ್ಲಿ ಗೋಡೆಗೆ ತೇವ ಎಲ್ಲಿಂದ ಬರಬೇಕು ಎಂದು ಕೇಳುವವರಿದ್ದಾರೆ. ಬಚ್ಚಲಿಗೆ ಅಂಟಿದ ಗೋಡೆಯಿಂದ, ಸೋರುವ ಮಾಳಿಗೆಯಿಂದ, ಪಾಯದಿಂದ ಮೇಲೇರುವ ಜೌಗಿನಿಂದ ಬರುತ್ತದೆ. ತುಂಗಭದ್ರಾ ಎಡದಂಡೆ ಕಾಲುವೆಯ ನೀರುಣ್ಣುವ ಗಂಗಾವತಿ, ಸಿಂಧನೂರು, ಮಾನ್ವಿಯ ಭಾಗಗಳಲ್ಲಿ ಭತ್ತದ ಗದ್ದೆಗಳ ನಡುವಿನ ಊರುಗಳ ಮನೆಗಳಿಗೆ ಈ ಕಾಟ ಹೆಚ್ಚು. ನೆಲದಲ್ಲಿ ಸವಳು ಇದ್ದ ಕಡೆ ಗೋಡೆಯ ಬುಡದಲ್ಲೂ ಬಿಳಿಯ ಉಪ್ಪು ಹೂವಿನಂತೆ ಏಳುತ್ತದೆ. ಪರೀಕ್ಷೆ ಸುಲಭ. ಒಂದೂವರೆ ಅಡಿ ಚೌಕದ ಪ್ಲಾಸ್ಟಿಕ್ ಹಾಳೆಯನ್ನು ಬರಿಗೋಡೆಗೆ ನಾಲ್ಕೂ ಅಂಚಿಗೆ ಟೇಪ್ ಹಚ್ಚಿ ಎರಡು ದಿನ ಬಿಡಿ. ಹಾಳೆಯ ಒಳಮೈಯಲ್ಲಿ, ಅಂದರೆ ಗೋಡೆಯ ಕಡೆ, ಬೆವರು ಕಟ್ಟಿದ್ದರೆ ತೇವ ಗೋಡೆಯದೇ. ಆಗ ತೇವದ ಮೂಲವನ್ನು ಕಂಡು ನಿಲ್ಲಿಸುವವರೆಗೆ ಹಲಗೆಗೆ ಬಣ್ಣ ಬಳಿಯಬೇಡಿ. ಬಣ್ಣ ಮುಂಭಾಗವನ್ನು ಮುಚ್ಚಿಬಿಟ್ಟರೆ ಪ್ಲೈವುಡ್ ಹಿಂದಿನಿಂದ ನೀರು ಹೀರಿಕೊಂಡು ಪದರ ಪದರವಾಗಿ ಬಿಡುತ್ತದೆ.

ನಾಲ್ಕನೆಯದು ಗೆದ್ದಲು. ರೀಪಿನ ಹಿಂಬದಿಯಲ್ಲಿ ಬೆರಳಿನಷ್ಟು ಅಗಲದ ಮಣ್ಣಿನ ಗೂಡುಗೆರೆ ಏರಿದ್ದರೆ ಗೆದ್ದಲು ನೆಲದಿಂದ ಬಂದಿದೆ ಎಂದರ್ಥ. ಹಲಗೆಯ ಮೇಲೆ ಗುಂಡುಸೂಜಿಯಷ್ಟು ಸಣ್ಣ ತೂತುಗಳಿದ್ದು, ಅವುಗಳ ಕೆಳಗೆ ಹಿಟ್ಟಿನಂಥ ನಯವಾದ ಪುಡಿ ಉದುರಿದ್ದರೆ ಅದು ಮರ ಕೊರೆಯುವ ಹುಳದ ಕೆಲಸ. ಎರಡಕ್ಕೂ ಮದ್ದು ಬೇರೆ. ಗೆದ್ದಲಿಗೆ ಗೋಡೆ ಮತ್ತು ನೆಲ ಸೇರುವ ಕಡೆ ಸಾಲಾಗಿ ರಂಧ್ರ ಕೊರೆದು ಮದ್ದು ತುಂಬಿಸಬೇಕಾಗುತ್ತದೆ. ಇದನ್ನು ಪರವಾನಗಿ ಇರುವವರಿಂದಲೇ ಮಾಡಿಸಿ, ಹೊಲಕ್ಕೆ ತಂದ ಕೀಟನಾಶಕವನ್ನು ಮನೆಯೊಳಗೆ ಸಿಂಪಡಿಸುವ ಅಭ್ಯಾಸ ಖಂಡಿತ ಬೇಡ. ಹುಳ ಕೊರೆದ ಹಲಗೆ ಒತ್ತಿದರೆ ಕುಸಿಯುವಷ್ಟು ಟೊಳ್ಳಾಗಿದ್ದರೆ ಅದನ್ನು ತೆಗೆದು ಹೊಸತು ಹಾಕುವುದೇ ಸರಿ.

ಉಳಿಸುವುದೋ, ತೆಗೆಯುವುದೋ

ಗೋಡೆ ಒಣಗಿದ್ದು, ಹುಳವಿಲ್ಲದೆ, ಹಲಗೆ ಗಟ್ಟಿಯಾಗಿದ್ದರೆ ಉಳಿಸಿಕೊಳ್ಳಿ ಎಂಬುದು ನನ್ನ ಖಚಿತ ಅಭಿಪ್ರಾಯ. ಖರ್ಚಿನ ಮಾತು ಒಂದು ಕಡೆಗಿರಲಿ. ನಮ್ಮ ಊರಿನ ಏಪ್ರಿಲ್-ಮೇ ತಿಂಗಳಲ್ಲಿ ಬಿಸಿಲು 40 ಡಿಗ್ರಿ ದಾಟಿದಾಗ ಪಶ್ಚಿಮದ ಗೋಡೆ ಸಂಜೆಯ ಹೊತ್ತಿಗೆ ಕಾದ ಹಂಚಿನಂತಾಗಿರುತ್ತದೆ. ಗೋಡೆಗೂ ಹಲಗೆಗೂ ನಡುವೆ ರೀಪಿನ ದಪ್ಪದಷ್ಟು, ಅಂದರೆ ಸುಮಾರು ಒಂದು ಅಂಗುಲ, ಗಾಳಿಯ ಪದರವಿರುತ್ತದೆ. ಆ ಪದರ ಒಳಗೆ ಬರುವ ಕಾವನ್ನು ಸ್ವಲ್ಪಮಟ್ಟಿಗೆ ತಡೆಯುತ್ತದೆ. ಹಲಗೆ ಕಿತ್ತ ಮನೆಯವರು ಆ ಬೇಸಿಗೆಯಲ್ಲಿ ಗೋಡೆಗೆ ಬೆನ್ನು ಕೊಟ್ಟು ಕೂತಾಗಲೇ ಇದು ತಿಳಿಯುವುದು.

ನಿಮ್ಮ ಹಲಗೆ ಯಾವುದು ಎಂದೂ ತಿಳಿದಿರಬೇಕು. ಬಿಚ್ಚಿದ ಹಲಗೆಯ ಅಂಚನ್ನು ನೋಡಿ. ಮುಂಭಾಗದ ಮರದ ಎಳೆ ಅಂಚಿನಲ್ಲೂ ಮುಂದುವರಿದಿದ್ದರೆ ಅದು ಇಡೀ ಮರ. ಪದರಗಳು ಕಂಡರೆ ಪ್ಲೈವುಡ್. ಒತ್ತಿದ ಕಂದು ರಟ್ಟಿನಂತಿದ್ದರೆ ಹಾರ್ಡ್‌ಬೋರ್ಡ್. ಮೇಲೆ ಹೊಳೆಯುವ ಗಟ್ಟಿ ಹಾಳೆ ಅಂಟಿಸಿದ್ದರೆ ಸನ್‌ಮೈಕ. ಇಡೀ ಸಾಗವಾನಿಯ ಹಲಗೆ ನಿಮ್ಮ ಪಾಲಿಗೆ ಸಿಕ್ಕಿದ್ದರೆ ದಯವಿಟ್ಟು ಅದಕ್ಕೆ ಬಣ್ಣ ಬಳಿಯಬೇಡಿ. ಹಳೆಯ ಪಾಲಿಷ್ ತೆಗೆದು ತಿಳಿಯಾದ ಹೊಸ ಪಾಲಿಷ್ ಕೊಟ್ಟರೆ ಕಪ್ಪೆಂದು ತಿಳಿದಿದ್ದ ಮರ ಜೇನಿನ ಬಣ್ಣದಲ್ಲಿ ಹೊರಬರುತ್ತದೆ. ಇಂದು ಅಂಥ ಮರವನ್ನು ಕೊಳ್ಳುವುದು ಎಲ್ಲರ ಕೈಗೆ ಎಟುಕುವ ಮಾತಲ್ಲ.

ಪಾಲಿಷ್ ಯಾವುದೆಂದು ತಿಳಿಯಲು ಹತ್ತಿಯ ಉಂಡೆಯನ್ನು ಸ್ಪಿರಿಟ್ಟಿನಲ್ಲಿ ಅದ್ದಿ ಮೂಲೆಯಲ್ಲಿ ಒಂದು ನಿಮಿಷ ಒತ್ತಿ ಹಿಡಿಯಿರಿ. ಮೈ ಜಿಗುಟಾಗಿ ಹತ್ತಿಗೆ ಕಂದು ಅಂಟಿದರೆ ಅದು ಅರಗಿನಿಂದ ಮಾಡಿದ ಫ್ರೆಂಚ್ ಪಾಲಿಷ್, ಸ್ಪಿರಿಟ್ಟಿನಿಂದಲೇ ಕರಗಿಸಿ ತೆಗೆಯಬಹುದು. ಏನೂ ಆಗದಿದ್ದರೆ ತಿನ್ನರ್ ಹಚ್ಚಿ ನೋಡಿ, ಕರಗಿದರೆ ಲ್ಯಾಕರ್. ಎರಡಕ್ಕೂ ಜಗ್ಗದಿದ್ದರೆ ಮೆಲಮೈನ್ ಅಥವಾ ಅಂಥದೇ ಗಟ್ಟಿ ಹೊದಿಕೆ, ಅದನ್ನು ಉಜ್ಜಿಯೇ ಒರಟುಗೊಳಿಸಬೇಕು.

ಕೆಲಸದ ಕಾಲ

ನವೆಂಬರಿನಿಂದ ಫೆಬ್ರುವರಿಯವರೆಗಿನ ತಿಂಗಳುಗಳು ಈ ಕೆಲಸಕ್ಕೆ ಹೇಳಿಮಾಡಿಸಿದವು. ಮಳೆಗಾಲದಲ್ಲಿ ಮರ ಉಬ್ಬಿರುತ್ತದೆ, ಬಣ್ಣ ಒಣಗಲು ತಡ. ಕಡುಬೇಸಿಗೆಯಲ್ಲಿ ಬಣ್ಣ ಬ್ರಷ್ಷಿನಡಿಯಲ್ಲೇ ಒಣಗುತ್ತ ಹೋಗಿ ಗೆರೆಗಳು ಉಳಿಯುತ್ತವೆ. ಬೇಸಿಗೆಯಲ್ಲೇ ಮಾಡಬೇಕಾದ ಅನಿವಾರ್ಯವಿದ್ದರೆ ಬೆಳಗಿನ ಜಾವ ಆರಂಭಿಸಿ ಹತ್ತು ಗಂಟೆಯೊಳಗೆ ನಿಲ್ಲಿಸಿ.

ತೊಳೆಯುವುದು, ಉಜ್ಜುವುದು

ಬಣ್ಣ ಸುಲಿಯಲು ಬಹುಪಾಲು ಕಾರಣ ಬಣ್ಣದ್ದಲ್ಲ, ಅದರಡಿಯ ಕೊಳೆಯದು. ಮೊದಲು ಒಣ ದೂಳನ್ನು ವ್ಯಾಕ್ಯೂಮ್ ಕ್ಲೀನರಿನಿಂದಲೋ ಒಣ ಬ್ರಷ್ಷಿನಿಂದಲೋ ಪೂರ್ತಿ ತೆಗೆಯಿರಿ. ಸಂಡೂರು, ತೋರಣಗಲ್ಲಿನ ಕಡೆ ಅದಿರಿನ ಲಾರಿಗಳು ಓಡಾಡುವ ದಾರಿಯ ಮನೆಗಳಲ್ಲಿ ಸಂದುಸಂದಿನಲ್ಲೂ ಕೆಂಪು ದೂಳು ಕೂತಿರುತ್ತದೆ. ಅದಕ್ಕೆ ನೇರವಾಗಿ ಒದ್ದೆ ಬಟ್ಟೆ ಹಚ್ಚಿದರೆ ದೂಳು ರಾಡಿಯಾಗಿ ಮರದ ಎಳೆಯೊಳಗೆ ಇಳಿಯುತ್ತದೆ. ಆಮೇಲೆ ಉಗುರುಬೆಚ್ಚನೆಯ ನೀರಿಗೆ ಸ್ವಲ್ಪ ಡಿಟರ್ಜೆಂಟ್ ಬೆರೆಸಿ, ಬಟ್ಟೆಯನ್ನು ಚೆನ್ನಾಗಿ ಹಿಂಡಿ ಒರೆಸಿ, ಬಳಿಕ ಬರಿ ನೀರಿನ ಬಟ್ಟೆಯಿಂದ ಎರಡು ಸಲ ಒರೆಸಿ. ದೇವರಮನೆಯ ಪಕ್ಕದ ಗೋಡೆಯಾದರೆ ಎಣ್ಣೆದೀಪ, ಊದುಬತ್ತಿಯ ಜಿಡ್ಡು ಮಸಿ ಕೂತಿರುತ್ತದೆ. ಅಲ್ಲಿ ಟರ್ಪೆಂಟೈನ್ ಬೇಕಾಗುತ್ತದೆ. ಸಾಗವಾನಿಯ ಮೇಲೆ ಒದ್ದೆಯಿದ್ದಾಗ ಕಬ್ಬಿಣದ ನಾರಿನಿಂದ ಉಜ್ಜಬೇಡಿ. ಮರದ ಒಗರು ಮತ್ತು ಕಬ್ಬಿಣ ಸೇರಿ ಹೋಗದಂಥ ಕಪ್ಪು ಕಲೆಯಾಗುತ್ತದೆ.

ಹಲಗೆಯ ಮೇಲೆ ಹಿಂದೆ ಯಾರಾದರೂ ಆಯಿಲ್ ಪೇಂಟ್ ಬಳಿದಿದ್ದರೆ ಒಂದು ಎಚ್ಚರಿಕೆಯ ಮಾತು. ನಮ್ಮ ದೇಶದಲ್ಲಿ ಮನೆಬಳಕೆಯ ಬಣ್ಣಗಳಲ್ಲಿ ಸೀಸದ ಪ್ರಮಾಣ 90 ಪಿಪಿಎಂ (ಹತ್ತು ಲಕ್ಷ ಭಾಗದಲ್ಲಿ 90 ಭಾಗ) ಮೀರಬಾರದೆಂಬ ನಿಯಮ 2016ರಲ್ಲಿ ಬಂದು 2017ರ ನವೆಂಬರ್ 1ರಿಂದ ಜಾರಿಯಾಯಿತು. ಅದಕ್ಕಿಂತ ಹಳೆಯ ಬಣ್ಣದಲ್ಲಿ ಸೀಸ ಇದೆಯೆಂದೇ ಭಾವಿಸಿ ನಡೆದುಕೊಳ್ಳುವುದು ಕ್ಷೇಮ. ಸೀಸದ ದೂಳು ಮಕ್ಕಳ ಮೆದುಳಿಗೆ ಹಾನಿ ಮಾಡುತ್ತದೆ, ಆ ಹಾನಿ ಸರಿಹೋಗುವಂಥದ್ದಲ್ಲ. ಆದ್ದರಿಂದ ಹಳೆಯ ಬಣ್ಣವನ್ನು ಒಣಗಿದ್ದಾಗ ಉಜ್ಜಬಾರದು, ಬೆಂಕಿಯಿಂದ ಸುಡಬಾರದು. ನೀರಿನ ಕಾಗದದಿಂದ, ಅಂದರೆ ನೀರು ತಾಗಿದರೂ ಕೆಡದ ಮರಳು ಕಾಗದದಿಂದ, ಒದ್ದೆ ಮಾಡಿಕೊಂಡೇ ಉಜ್ಜಿ, ರಾಡಿಯನ್ನು ಬಟ್ಟೆಯಲ್ಲಿ ಒರೆಸಿ ಚೀಲದಲ್ಲಿ ಕಟ್ಟಿ. ಆ ದಿನಗಳಲ್ಲಿ ಚಿಕ್ಕ ಮಕ್ಕಳನ್ನೂ ಬಸುರಿಯರನ್ನೂ ಮನೆಯಲ್ಲಿ ಇರಿಸಿಕೊಳ್ಳದಿರುವುದು ಒಳ್ಳೆಯದು.

ಪಾಲಿಷ್ ಮಾಡಿದ ಹಲಗೆಗೆ 150 ನಂಬರಿನ ಮರಳು ಕಾಗದದಿಂದ ಆರಂಭಿಸಿ 220ಕ್ಕೆ ಮುಗಿಸಿದರೆ ಸಾಕು. ಮರವನ್ನು ಬಿಳುಪಾಗುವವರೆಗೆ ಉಜ್ಜಬೇಕಿಲ್ಲ, ಹೊಳಪು ಹೋಗಿ ಮೈ ಮಂಕಾದರೆ ಕೆಲಸ ಆಯಿತು. ಯಾವಾಗಲೂ ಎಳೆ ಹರಿದ ದಿಕ್ಕಿಗೇ ಕೈ ಓಡಲಿ. ಪ್ಲೈವುಡ್ಡಿನ ಮೇಲಿನ ಸಾಗವಾನಿಯ ಪದರ ಅರ್ಧ ಮಿಲಿಮೀಟರಿನಷ್ಟೇ ಇರಬಹುದಾದ್ದರಿಂದ ಉಜ್ಜುವ ಯಂತ್ರವನ್ನು ಅವಸರದ ಕೈಗೆ ಕೊಡಬೇಡಿ. ಒಂದು ಗಳಿಗೆ ಒಂದೇ ಕಡೆ ನಿಂತರೂ ಪದರ ತೂತಾಗಿ ಕೆಳಗಿನ ಮರ ಕಾಣುತ್ತದೆ. ಮೂಗು ಬಾಯಿಗೆ ಎನ್95 ಮಾಸ್ಕ್ ಇರಲಿ, ಹೆಗಲ ವಸ್ತ್ರ ಸಾಲದು.

ಸಂದುಗಳನ್ನು ತುಂಬಬೇಕೇ?

ಹಲಗೆಯ ಗೋಡೆಯನ್ನು ಸಾದಾ ಗೋಡೆಯಂತೆ ಕಾಣಿಸಬೇಕೆಂಬ ಆಸೆಯಿಂದ ಸಂದುಗಳಿಗೆಲ್ಲ ಪುಟ್ಟಿ ತುಂಬುವ ಪದ್ಧತಿ ಇದೆ. ನಮ್ಮ ಮನೆಯಲ್ಲೂ ಬಣ್ಣದ ಮೇಸ್ತ್ರಿಯೊಬ್ಬರ ಮಾತಿನಂತೆ ಗೋಡೆಯ ಒಂದು ಭಾಗಕ್ಕೆ ಹಾಗೆ ಮಾಡಿಸಿದೆ. ಡಿಸೆಂಬರಿನಲ್ಲಿ ಕನ್ನಡಿಯಂತೆ ನುಣುಪಾಗಿದ್ದ ಮೈಯಲ್ಲಿ ಯುಗಾದಿಯ ಹೊತ್ತಿಗೆ ಪ್ರತಿಯೊಂದು ಸಂದಿನುದ್ದಕ್ಕೂ ಕೂದಲೆಳೆಯಂಥ ಬಿರುಕು ಮೂಡಿತು, ಮೇ ತಿಂಗಳಲ್ಲಿ ಪುಟ್ಟಿ ತುಂಡುತುಂಡಾಗಿ ಉದುರಿತು. ಅದನ್ನೆಲ್ಲ ಕೆರೆದು ತೆಗೆಯಲು ಒಂದು ವಾರ ಹಿಡಿಯಿತು.

ಇದಕ್ಕೆ ಕಾರಣ ಸರಳ. ಗಾಳಿಯಲ್ಲಿ ತೇವ ಹೆಚ್ಚಿದಾಗ ಮರ ಅಡ್ಡಗಲಕ್ಕೆ ಉಬ್ಬುತ್ತದೆ, ಒಣಗಿದಾಗ ಕುಗ್ಗುತ್ತದೆ; ಉದ್ದಕ್ಕೆ ಹೆಚ್ಚು ಬದಲಾಗುವುದಿಲ್ಲ. ಸೆಪ್ಟೆಂಬರಿನ ಮಳೆಗೂ ಮೇ ತಿಂಗಳ ಒಣಗಾಳಿಗೂ ನಮ್ಮಲ್ಲಿ ಇರುವ ಅಂತರ ದೊಡ್ಡದು. ಆ ಅಂತರವನ್ನು ತಡೆದುಕೊಳ್ಳಲೆಂದೇ ಹಿಂದಿನ ಬಡಿಗೇರರು ಸಂದು ಬಿಟ್ಟಿದ್ದರು. ಇಡೀ ಮರದ ಹಲಗೆಯಲ್ಲಿ ಈ ಚಲನೆ ಹೆಚ್ಚು, ಪದರಗಳು ಅಡ್ಡ-ಉದ್ದ ಕೂತಿರುವ ಪ್ಲೈವುಡ್ಡಿನಲ್ಲಿ ಕಡಿಮೆ. ಆದರೆ ಪ್ಲೈವುಡ್ಡನ್ನೂ ನಾಲ್ಕು ಅಂಗುಲದ ಪಟ್ಟಿಗಳಾಗಿ ಕತ್ತರಿಸಿ, ಇಡೀ ಮರದ ರೀಪಿಗೆ ಬಡಿದಿದ್ದರೆ ರೀಪಿನ ಅಲುಗಾಟ ಅದಕ್ಕೂ ತಟ್ಟುತ್ತದೆ. ಆದ್ದರಿಂದ ಸಂದುಗಳನ್ನು ಹಾಗೆಯೇ ಬಿಡಿ. ಬಣ್ಣ ಬಳಿದ ಮೇಲೆ ಅವು ತಿಳಿಯಾದ ಉದ್ದಗೆರೆಗಳಾಗಿ ಕಂಡು ಕೋಣೆಗೆ ಎತ್ತರವನ್ನೂ ಕೊಡುತ್ತವೆ.

ತುಂಬಬೇಕಾದದ್ದು ಮೊಳೆಯ ತೂತು, ಕೆತ್ತಿಹೋದ ಅಂಚು, ಹಳೆಯ ಗೂಟ ಕಿತ್ತ ಗುಳಿಗಳನ್ನು ಮಾತ್ರ. ಇದಕ್ಕೆ ಅದೇ ಮರದ ನಯವಾದ ಹೊಟ್ಟನ್ನು ಮರಗೆಲಸದ ಅಂಟಿನೊಂದಿಗೆ ಕಲಸಿ ತುಂಬುವ ಹಳೆಯ ಪದ್ಧತಿಯೇ ನನಗೆ ಹೆಚ್ಚು ಹಿಡಿಸಿದೆ. ಕೊಪ್ಪಳದ ಬಳಿಯ ಕಿನ್ನಾಳದ ಚಿತ್ರಗಾರರು ತಮ್ಮ ಗೊಂಬೆಗಳ ಜೋಡಣೆಗೆ ಬಳಸುವ ಕಿಟ್ಟವೂ ಇದೇ ಜಾತಿಯದು. ನೆನೆಸಿ ಒಣಗಿಸಿ ಪುಡಿಮಾಡಿದ ಗೋಣಿಯ ಚಿಂದಿ, ಮರದ ಹೊಟ್ಟು, ಹುಣಸೆಬೀಜದ ಅಂಟು ಸೇರಿಸಿ ಅದನ್ನು ಮಾಡುತ್ತಾರೆ. ಮರಕ್ಕೆ ಮರದ್ದೇ ಪುಡಿ ತುಂಬಿದರೆ ಎರಡೂ ಹೊಂದಿಕೊಂಡು ಇರುತ್ತವೆ ಎಂಬ ತಿಳಿವಳಿಕೆ ನಮ್ಮ ನೆಲದಲ್ಲಿ ಮೊದಲಿನಿಂದಲೂ ಇದೆ. ಒಣಗಿದ ಮೇಲೆ ಕುಗ್ಗುವುದರಿಂದ ತೂತಿಗಿಂತ ಸ್ವಲ್ಪ ಉಬ್ಬಿ ನಿಲ್ಲುವಂತೆ ತುಂಬಿ, ಮರುದಿನ ಉಜ್ಜಿ ಸಮ ಮಾಡಿ. ಹಲಗೆಯೂ ಸೂರೂ ಸೇರುವ ಅಂಚಿನಲ್ಲಿ ಬಿರುಕಿದ್ದರೆ ಬಣ್ಣ ಹಿಡಿಯುವ ಅಕ್ರಿಲಿಕ್ ಸೀಲೆಂಟ್ ಹಾಕಿ. ಸಿಲಿಕೋನ್ ಬೇಡ, ಅದರ ಮೇಲೆ ಬಣ್ಣ ನಿಲ್ಲುವುದಿಲ್ಲ.

ಪ್ರೈಮರ್ ಮತ್ತು ಬಣ್ಣ

ಸಾಗವಾನಿಗೆ ನೇರವಾಗಿ ತಿಳಿಬಣ್ಣ ಬಳಿದರೆ ಕೆಲವೇ ವಾರಗಳಲ್ಲಿ ಹಳದಿ-ಕಂದು ಕಲೆ ಹೊರಬರುತ್ತದೆ. ಮರದೊಳಗಿನ ಒಗರು ಮತ್ತು ಎಣ್ಣೆ ಬಣ್ಣದ ಮೂಲಕ ಮೇಲೇರುವುದೇ ಇದಕ್ಕೆ ಕಾರಣ. ಬಣ್ಣಕ್ಕೆ ಮುಂಚೆ ಬಳಿಯುವ ತಳಪದರವೇ ಪ್ರೈಮರ್; ನೀರಿನ ಪ್ರೈಮರ್ ಇದನ್ನು ಸರಿಯಾಗಿ ತಡೆಯುವುದಿಲ್ಲ. ಅರಗಿನ ಪ್ರೈಮರ್ ಸಿಕ್ಕರೆ ಅದೇ ಉತ್ತಮ, ಸಿಗದಿದ್ದರೆ ಎಣ್ಣೆ ಆಧಾರಿತ ವುಡ್ ಪ್ರೈಮರನ್ನು ತೆಳುವಾಗಿ ಎರಡು ಕೈ (ಕೋಟ್) ಹಚ್ಚಿ, ನಡುವೆ 320 ನಂಬರಿನ ಕಾಗದದಿಂದ ಹಗುರವಾಗಿ ಉಜ್ಜಿ. ಎಲ್ಲ ಗೋಡೆಗೆ ಕೈ ಹಾಕುವ ಮೊದಲು ಬಾಗಿಲ ಹಿಂದಿನ ಒಂದು ಹಲಗೆಗೆ ಪ್ರೈಮರ್ ಮತ್ತು ಬಣ್ಣ ಬಳಿದು ಮೂರು ದಿನ ಬಿಡಿ. ಬ್ಲೇಡಿನಿಂದ ಓರೆಯಾಗಿ ಎರಡು ಗೆರೆ ಕೊಯ್ದು, ಮೇಲೆ ಟೇಪ್ ಒತ್ತಿ ಸರಕ್ಕನೆ ಕೀಳಿ. ಟೇಪಿನ ಜೊತೆ ಬಣ್ಣ ಎದ್ದು ಬಂದರೆ ಇನ್ನೂ ಉಜ್ಜಬೇಕು, ಇನ್ನೂ ತೊಳೆಯಬೇಕು ಎಂದರ್ಥ. ಸನ್‌ಮೈಕದ ಮೇಲೆ ಈ ಪರೀಕ್ಷೆಯನ್ನು ಬಿಡಲೇಬಾರದು.

ಬಣ್ಣ ಹಚ್ಚುವಾಗ ಮೊದಲು ಚಿಕ್ಕ ಬ್ರಷ್ಷಿನಿಂದ ಸಂದುಗಳಿಗೆ, ಆಮೇಲೆ ಚಿಕ್ಕ ರೋಲರಿನಿಂದ ಹಲಗೆಯ ಮುಖಕ್ಕೆ ಹಚ್ಚಿ, ಬಣ್ಣ ಹಸಿಯಿರುವಾಗಲೇ ಮೇಲಿಂದ ಕೆಳಕ್ಕೆ ಒಂದೇ ಉಸಿರಿಗೆ ಬ್ರಷ್ ಎಳೆದು ಸಮಗೊಳಿಸಿ. 12 ಅಡಿ ಅಗಲ, 9 ಅಡಿ ಎತ್ತರದ ಗೋಡೆಯೆಂದರೆ 108 ಚದರಡಿ. ಲೀಟರಿಗೆ ಒಂದು ಕೈಗೆ ಸುಮಾರು 100 ಚದರಡಿ ಎಂದು ಲೆಕ್ಕ ಹಾಕಿಕೊಂಡರೆ, ಸಂದುಗಳಿಗೆ ಹೋಗುವುದನ್ನೂ ಸೇರಿಸಿ, ಎರಡು ಕೈಗೆ ಎರಡೂವರೆ ಲೀಟರ್ ಬೇಕಾಗುತ್ತದೆ. ಹೊಳಪಿನ ಎನಾಮೆಲ್ ಹಳೆಯ ಹಲಗೆಯ ಪ್ರತಿಯೊಂದು ಅಂಕುಡೊಂಕನ್ನೂ ಎತ್ತಿ ತೋರಿಸುತ್ತದೆ, ಪೂರ್ತಿ ಮಂಕಾದ ಬಣ್ಣ ಕೈಯ ಜಿಡ್ಡನ್ನು ಹಿಡಿದಿಟ್ಟುಕೊಳ್ಳುತ್ತದೆ. ನಡುವಿನ ಸ್ಯಾಟಿನ್ ಮೈಯೇ ಒಪ್ಪುವುದು. ಬಣ್ಣದಲ್ಲಿ ಅಚ್ಚ ಬಿಳುಪಿಗಿಂತ ಹಾಲುಕೆನೆಯ ಅಥವಾ ಜೋಳದ ಹಿಟ್ಟಿನ ಬಣ್ಣ ನಮ್ಮ ದೂಳಿಗೆ ತಡೆಯುತ್ತದೆ. ನಾವು ಕೆಳಗಿನ ಮೂರು ಅಡಿಯನ್ನು ಮರದ ಬಣ್ಣದಲ್ಲೇ ಉಳಿಸಿ, ಅಡ್ಡಕ್ಕೆ ಒಂದು ಬೀಡಿಂಗ್ ಹೊಡೆಸಿ, ಮೇಲ್ಭಾಗಕ್ಕೆ ಮಾತ್ರ ತಿಳಿಬಣ್ಣ ಕೊಟ್ಟೆವು. ಹಳ್ಳಿಯ ಮನೆಗಳಲ್ಲಿ ಕೆಳಗೆ ಕೆಮ್ಮಣ್ಣು, ಮೇಲೆ ಸುಣ್ಣ ಸಾರಿಸುತ್ತಿದ್ದ ಕ್ರಮ ಮನಸ್ಸಿನಲ್ಲಿತ್ತು. ಮಕ್ಕಳ ಕೈ ಕಾಲು ತಾಗುವ ಭಾಗಕ್ಕೆ ಕಡುಬಣ್ಣವಿರುವುದು ಅನುಕೂಲವೂ ಹೌದು.

ಮರದ ಭಾಗಕ್ಕೆ ಅಗಸೆ ಎಣ್ಣೆ ಒರೆಸುವವರು ಒಂದನ್ನು ಮರೆಯಬಾರದು. ಎಣ್ಣೆ ಒರೆಸಿದ ಬಟ್ಟೆಯನ್ನು ಮುದ್ದೆ ಮಾಡಿ ಎಸೆದರೆ ಅದು ಒಣಗುವಾಗ ತಾನಾಗಿಯೇ ಕಾವು ಏರಿ ಹೊತ್ತಿಕೊಳ್ಳಬಲ್ಲದು, ನಮ್ಮ ಬಿಸಿಲಿನಲ್ಲಂತೂ ಅಪಾಯ ಇನ್ನೂ ಹೆಚ್ಚು. ಬಟ್ಟೆಯನ್ನು ನೀರಿನ ಬಕೆಟ್ಟಿನಲ್ಲಿ ಮುಳುಗಿಸಿಡಿ.

ತೆಗೆಯಲೇಬೇಕಾದರೆ

ಹಲಗೆ ಕೊಳೆತಿದ್ದರೆ ತೆಗೆಯುವುದು ಅನಿವಾರ್ಯ. ಮೊದಲು ಬೀಡಿಂಗ್, ಆಮೇಲೆ ಒಂದು ಮೂಲೆಯಿಂದ ಹಲಗೆಗಳು, ಕೊನೆಗೆ ರೀಪುಗಳು. ರೀಪಿನ ಮೊಳೆ ಕೂತಿರುವ ಮರದ ಬೆಣೆಗಳನ್ನು ಜಗ್ಗಿ ಕಿತ್ತರೆ ಗಾರೆಯೂ ಮುಷ್ಟಿಯಷ್ಟು ಕಿತ್ತು ಬರುತ್ತದೆ. ಅವನ್ನು ಗೋಡೆಯ ಮಟ್ಟಕ್ಕೆ ಉಳಿಯಿಂದ ಕತ್ತರಿಸಿ ಒಳಗೇ ಬಿಡುವುದು ವಾಸಿ, ಗೆದ್ದಲು ಮುಟ್ಟಿದ್ದರೆ ಮಾತ್ರ ತೆಗೆಯಬೇಕು. ಹಿಂದೆ ಆಸ್‌ಬೆಸ್ಟಾಸ್ ಹಾಳೆ ಕಂಡರೆ ಕೊರೆಯದೆ, ಒಡೆಯದೆ, ಬಲ್ಲವರನ್ನು ಕರೆಯಿರಿ.

ಬಳ್ಳಾರಿಯ ಹಳೆಯ ಕಲ್ಲುಕಟ್ಟಡದ ಮನೆಗಳಲ್ಲಿ ಹಲಗೆಯಡಿ ಸುಣ್ಣದ ಗಾರೆ ಸಿಗಬಹುದು. ಅದರ ಮೇಲೆ ಸಿಮೆಂಟ್ ಪ್ಲಾಸ್ಟರ್, ಪ್ಲಾಸ್ಟಿಕ್ ಬಣ್ಣ ಬಳಿದರೆ ಗೋಡೆಯೊಳಗಿನ ತೇವ ಹೊರಹೋಗಲು ದಾರಿಯಿಲ್ಲದೆ ಗಾರೆಯನ್ನೇ ಪುಡಿಮಾಡುತ್ತದೆ. ಸುಣ್ಣದ ಗಾರೆಯಿಂದಲೇ ತೇಪೆ ಹಾಕಿ, ಸುಣ್ಣವನ್ನೇ ಸಾರಿಸಿ.

ಬಣ್ಣ ಮುಟ್ಟಲು ಒಣಗಿದಂತೆ ಕಂಡರೂ ಗಟ್ಟಿಯಾಗಲು ಎರಡು ಮೂರು ವಾರ ಬೇಕು. ಅಷ್ಟು ದಿನ ಸೋಫಾವನ್ನು ಗೋಡೆಗೆ ಒತ್ತಿ ಇಡಬೇಡಿ, ಚಿತ್ರಪಟಗಳನ್ನು ತೂಗುಹಾಕಬೇಡಿ. ಪಟಕ್ಕೆ ಮೊಳೆ ಹೊಡೆಯುವಾಗ ಹಲಗೆಯನ್ನು ತಟ್ಟಿ ನೋಡಿ, ಸದ್ದು ಗಟ್ಟಿಯಾಗಿ ಕೇಳುವ ಕಡೆ, ಅಂದರೆ ಹಿಂದೆ ರೀಪು ಇರುವ ಕಡೆಯೇ ಹೊಡೆಯಿರಿ.